ಎಡಗಾಲಿನ ತಪ್ಪು

ಪರಶುರಾಂಪುರದಾಚೆಯ ಡಾಂಬರು ರಸ್ತೆಯು ವರ್ಷದಲ್ಲಿ ಹತ್ತು ತಿಂಗಳು ರಸ್ತೆಯಾಗಿಯೂ ಉಳಿದೆರಡು ತಿಂಗಳು ಕಣವಾಗಿಯೂ ಇರತಕ್ಕದ್ದು. ಈ ಬಗ್ಗೆ ಸರ್ಕಾರದ ಆದೇಶವೇನೂ ಇಲ್ಲ; ಹುರುಳಿ ಇದೆ. ರೈತರು ಗಿಡ ಕಿತ್ತು ತಂದು ರಸ್ತೆ ತುಂಬ ಹಾಸುತ್ತಾರೆ, ಓಡಾಡುವ ಗಾಡಿಗಳು ತುಳಿದು ಕಾಳು ಬಿಡಿಸಿಕೊಟ್ಟು ಹೋಗುತ್ತವೆ. ಕೂಲಿ ಕೇಳಿದ ಬಸ್ಸು ಈವರೆಗೆ ಒಂದೂ ಇಲ್ಲ.

ಆ ಹುರುಳಿಯ ಮೇಲೆ, ಹಾಡಹಗಲೇ, ಎದುರಿನಿಂದ ರಾಂಗ್ ಸೈಡಿನಲ್ಲಿ ನುಗ್ಗಿ ಬಂದ ಗೂಡ್ಸ್ ಗಾಡಿಯೊಂದು ಕಂಬಳಿ ನೇಯುವ ಹನುಮಣ್ಣನ ಮೊಪೆಡ್ಡಿಗೆ ಗುದ್ದಿತು. ಬಲಗಾಲು ಮುರಿಯಿತು. ರಾಡ್ ಹಾಕದಿದ್ದರೆ ಈ ಕಾಲು ಇನ್ನು ಮಗ್ಗ ತುಳಿಯುವುದಿಲ್ಲ, ಒಂದೂಕಾಲು ಲಕ್ಷ ಹೊಂದಿಸಿಕೊಳ್ಳಿ ಎಂದರು ಡಾಕ್ಟರು. ಹೆಂಡತಿ ಲಕ್ಷ್ಮಕ್ಕ ಮನಸ್ಸಿನಲ್ಲೇ ಲೆಕ್ಕ ಹಾಕಿದಳು. ಮಗ್ಗ ನಿಂತರೆ ಅವಳ ಮನೆಯ ಒಲೆಯೂ ನಿಲ್ಲುತ್ತದೆ.

ಹೀಗಾಗಿ ಗಂಡನನ್ನು ಆಸ್ಪತ್ರೆಯಲ್ಲಿ ಮಲಗಿಸಿ, ಅವಳು ಚಳ್ಳಕೆರೆಯ ತಪ್ಪು ಪಾಲು ನಿಗದಿ ಮಂಡಳಿಯ ಮುಂದೆ, ತೊಡೆಯ ಮೇಲೆ ಕೈಚೀಲ ಇಟ್ಟುಕೊಂಡು ಕೂತಳು. ಗೋಡೆಯ ಮೇಲೆ ನಿಯಮ ಬರೆಸಿದ್ದರು: “ಪೆಟ್ಟು ತಿಂದವನ ತಪ್ಪು ನೂರಕ್ಕೆ ಎಷ್ಟೋ, ಪರಿಹಾರದಲ್ಲಿ ಅಷ್ಟನ್ನು ಮುರಿದುಕೊಳ್ಳತಕ್ಕದ್ದು. ನರಳುವವರು ಸರದಿಯಲ್ಲಿ ನರಳುವುದು.”

ಗಾಡಿಗೆ ವಿಮೆ ಕೊಟ್ಟ ಕಂಪನಿಯ ವೀರೇಶ ಎದ್ದು ನಿಂತ.

“ಸಾರ್, ರಾಂಗ್ ಸೈಡು ಅಂತಾರೆ. ಹುರುಳಿ ಹಾಸಿದ ಮೇಲೆ ಅದು ರಸ್ತೆ ಎಲ್ಲೈತೆ? ಅದು ಕಣ. ನಮ್ಮ ಗಾಡಿ ಒಕ್ಕಣೆ ಮಾಡ್ತಿತ್ತು. ಕಣದಾಗೆ ಎಡ ಯಾವ್ದು, ಬಲ ಯಾವ್ದು? ಸುತ್ತೋದೇ ಕೆಲ್ಸ. ಈ ಮನುಷ್ಯ ನೋಡಿದ್ರೆ ಕಣಕ್ಕೆ ಚಪ್ಪಲಿ ಮೆಟ್ಕೊಂಡು ಬಂದವ್ನೆ!”

ಮಂಡಳಿಯ ಅಧ್ಯಕ್ಷ ಶಿವಮೂರ್ತಪ್ಪನವರು ಒಕ್ಕಲು ಮನೆಯವರು; ಕಣವೆಂದರೆ ಅವರಿಗೆ ಗುಡಿಯಿದ್ದಂತೆ. “ಶಿವಶಿವಾ, ಕಣಕ್ಕೆ ಚಪ್ಪಲೀನಾ!” ಎಂದು ಗಲ್ಲ ಗಲ್ಲ ಬಡಿದುಕೊಂಡು, ಹನುಮಣ್ಣನ ತಪ್ಪು ನೂರಕ್ಕೆ ನೂರು ಎಂದು ಬರೆಸಿಯೇ ಬಿಟ್ಟರು. ಪಾಪ, ಹನುಮಣ್ಣ ಶಾಲೆಯಲ್ಲಿ ಮೂವತ್ತೈದು ದಾಟದಿದ್ದ ಮನುಷ್ಯ. ಗುಮಾಸ್ತರು ಲಕ್ಷ್ಮಕ್ಕನನ್ನು ಅಭಿನಂದಿಸಿದರು.

ಗಾಯದ ಮೇಲೆ ಬರೆ ಎಳೆಸಿಕೊಂಡೂ ಅವಳು ಅಳಲಿಲ್ಲ. “ಕಣ ಅಂತ್ಲೇ ಬರ್ಕೊಂಡ್ರಾ ಸ್ವಾಮಿ?” ಎಂದು ಕೇಳಿದಳು.

“ಬರ್ಕೊಂಡ್ವಮ್ಮ. ಸೀಲೂ ಬಿತ್ತು,” ಎಂದರು ಗುಮಾಸ್ತರು.

“ಹಂಗಾದ್ರೆ ಆ ಗಾಡಿ ಇವರ ಎತ್ತು. ಕಣದಾಗೆ ಒಬ್ಬರ ಎತ್ತು ಇನ್ನೊಬ್ಬರನ್ನ ಹಾಯ್ದ್ರೆ ಖರ್ಚು ಯಾರ್ದ್ರಿ? ಎತ್ತಿನ ಒಡೇಂದಾ, ಹಾಯಿಸ್ಕೊಂಡೋಂದಾ?”

“ಒಡೇಂದೇ!” ಎಂದರು ಶಿವಮೂರ್ತಪ್ಪನವರು ತಟ್ಟನೆ. “ನಮ್ಮ ತಾತ ಎರಡು ಸಲ ಕೊಟ್ಟವ್ನೆ.”

ವೀರೇಶನ ಮುಖ ಹುಳ್ಳಗಾಯಿತು. ಎತ್ತಲ್ಲ ಎಂದರೆ ಒಕ್ಕಣೆ ಇಲ್ಲ, ಒಕ್ಕಣೆ ಇಲ್ಲವೆಂದರೆ ಕಣ ಇಲ್ಲ, ಕಣ ಇಲ್ಲವೆಂದರೆ ರಾಂಗ್ ಸೈಡು ಬಂದು ಮುಂದೆ ನಿಲ್ಲುತ್ತದೆ. “ಆದ್ರೆ ಚಪ್ಪಲಿ ಸಾರ್, ಚಪ್ಪಲಿ!” ಎಂದು ಕೂಗಿದ.

ಪೊಲೀಸರು ಜಪ್ತಿ ಮಾಡಿದ್ದ ಚಪ್ಪಲಿಯನ್ನು ತರಿಸಲಾಯಿತು. ಒಂದೇ ಇತ್ತು, ಎಡಗಾಲಿನದು. ಬಲಗಾಲಿನದು ಹುರುಳಿಯನ್ನೆಲ್ಲ ಜಾಲಾಡಿದರೂ ಸಿಗಲಿಲ್ಲವೆಂದು ಪಂಚನಾಮೆಯಲ್ಲಿತ್ತು. ಲಕ್ಷ್ಮಕ್ಕ ಕೈಚೀಲವನ್ನು ಇನ್ನೊಂದಿಷ್ಟು ಬಿಗಿಯಾಗಿ ಹಿಡಿದುಕೊಂಡಳು.

ಆದೇಶ ಹೊರಬಿತ್ತು: “ಎಡಗಾಲು ಚಪ್ಪಲಿ ಮೆಟ್ಟಿ ಕಣ ಪ್ರವೇಶಿಸಿರುವುದು ಸಾಬೀತಾಗಿದೆ. ಸದರಿ ಕಾಲು ಮುರಿದಿಲ್ಲವಾದ್ದರಿಂದ ಅದಕ್ಕೆ ಪರಿಹಾರವಿಲ್ಲ. ಬಲಗಾಲು ಬರಿಗಾಲಾಗಿತ್ತೆಂದು ಭಾವಿಸತಕ್ಕದ್ದು. ಎಡಗಾಲಿನ ತಪ್ಪನ್ನು ಬಲಗಾಲಿನ ಮೇಲೆ ಹೊರಿಸಲು ನಿಯಮದಲ್ಲಿ ಅವಕಾಶವಿಲ್ಲ. ಎತ್ತಿನ ಒಡೆಯರಾದ ಕಂಪನಿಯವರು ರಾಡಿನ ಪೂರ್ತಿ ಖರ್ಚು ಕೊಡುವುದು.”

ಲಕ್ಷ್ಮಕ್ಕನಿಗೆ ಅಳು, ನಗು ಎರಡೂ ಒಟ್ಟಿಗೇ ಬಂದವು.

ಕಂಪನಿ ಮೇಲ್ಮನವಿಗೆ ಹೋಗಲಿಲ್ಲ, ತನ್ನ ವಿಮೆಯ ಅರ್ಜಿಯಲ್ಲಿ “ವಾಹನಕ್ಕೆ ಹಾಯುವ ಅಭ್ಯಾಸವಿದೆಯೇ?” ಎಂಬ ಕಾಲಂ ಸೇರಿಸಿಕೊಂಡಿತು. ಮಂಡಳಿಯವರು ರಸ್ತೆಗೆ ಬೋರ್ಡು ನೆಟ್ಟರು: “ಮುಂದೆ ಕಣ. ಚಪ್ಪಲಿ ಬಿಟ್ಟು ಚಲಿಸಿ.” ಈಗ ಹುರುಳಿ ಕಾಲದಲ್ಲಿ ಬಸ್ಸು ಅಲ್ಲಿ ಎರಡು ನಿಮಿಷ ನಿಲ್ಲುತ್ತದೆ. ಡ್ರೈವರಿನಿಂದ ಹಿಡಿದು ಎಲ್ಲರೂ ಚಪ್ಪಲಿ ಕಳಚಿ ಸೀಟಿನಡಿ ಇಟ್ಟುಕೊಳ್ಳುತ್ತಾರೆ. ಮೊದಲಿಂದಲೂ ಹೀಗೇ ಇತ್ತು ಎನ್ನುವವರೂ ಹುಟ್ಟಿಕೊಂಡಿದ್ದಾರೆ.

ಮುಂದಿನ ಹುರುಳಿಯ ಹೊತ್ತಿಗೆ ಹನುಮಣ್ಣ ಮಗ್ಗಕ್ಕೆ ಇಳಿದಿದ್ದ. ಒಂದು ದಿನ ಹೆಂಡತಿಯನ್ನು ಹಿಂದೆ ಕೂರಿಸಿಕೊಂಡು ಹೊರಟವನು ಬೋರ್ಡಿನ ಬಳಿ ನಿಲ್ಲಿಸಿ, ಹೊರಡುವಾಗ ಅವಳು ಮುಂದಿಟ್ಟಿದ್ದ ಹಳೇ ಜೊತೆ ಚಪ್ಪಲಿಯನ್ನು ಕಳಚಿದ. ಬಲಗಾಲಿನದನ್ನು ಎತ್ತಿ ತಿರುಗಿಸಿ ನೋಡಿದ.

“ಲೇ, ಇದು ಕಳ್ದೋಗಿದ್ದಲ್ವೇನೇ? ಎಲ್ಲಿತ್ತು?”

“ಕಣದಾಗೆ ಜಾಸ್ತಿ ಮಾತಾಡಬಾರ್ದು, ಸುಮ್ಕೆ ನಡೀರಿ,” ಎಂದ ಲಕ್ಷ್ಮಕ್ಕ, ಎಡಗಾಲಿನದನ್ನು ಅವನ ಕೈಗೇ ಕೊಟ್ಟು, ಬಲಗಾಲಿನದನ್ನು ಮಾತ್ರ ತನ್ನ ಚೀಲಕ್ಕೆ ಹಾಕಿಕೊಂಡಳು.