ಡಬರಿ ಯಾರದು

೧. ರೊಟ್ಟಿ ಇಲ್ಲದ ದಿನ

ಭಾನುವಾರ ಖಾನಾವಳಿ ಬಾಗಿಲು ಹಾಕಿತ್ತು. ನನ್ನ ಜೊತೆ ಕೋಣೆಯಲ್ಲಿದ್ದ ಗೆಳೆಯ ಸ್ಟೋ ಮೇಲೆ ಡಬರಿ ಇಟ್ಟು, ಆ ಅಗಲ ಪಾತ್ರೆಯಲ್ಲಿ ಕೊಚ್ಚಿದ ಮಾಂಸದ ಖೀಮಾ ಬೇಯಿಸುತ್ತಿದ್ದ. ಎಪ್ಪತ್ತರ ದಶಕ. ನಾವಿಬ್ಬರೂ ಗಂಗಾವತಿಯಲ್ಲಿ ಕಾಲುವೆ ಕೆಲಸದ ಕಚೇರಿಯೊಂದರಲ್ಲಿ ನೌಕರರು. ನನ್ನದು ತಾವರಗೇರಾ ಹತ್ತಿರದ ಹಳ್ಳಿ, ಅವನು ಯಲಬುರ್ಗಾದವನು. ಒಂದೇ ಜಾತಿ, ಒಂದೇ ವಯಸ್ಸು, ಇಬ್ಬರಿಗೂ ಲಗ್ನ ಆಗಿರಲಿಲ್ಲ. ಸ್ಟೋ ಅವನದು, ಡಬರಿ ಅವನದು. ನನ್ನದು ಒಂದು ಟ್ರಂಕು ಮತ್ತು ನೀರಿನ ಕೊಡ.

ಖೀಮಾ ಬೆಂದ ಮೇಲೆ ಅವನಿಗೆ ರೊಟ್ಟಿ ಇಲ್ಲದ್ದು ನೆನಪಾಯಿತು. ಅಕ್ಕಿ ಡಬ್ಬಿ ತೆರೆದ. ಹುಳ ಇದ್ದವು, ಅಕ್ಕಿ ಇರಲಿಲ್ಲ.

"ನಿಮ್ಮವ್ವ ಕಳಿಸಿದ ಶ್ಯಾವಿಗಿ ಐತಲ್ಲೋ."

"ಅದು ಹಬ್ಬದ್ದು."

"ಐತವಾರ ಐತಿ, ಖೀಮಾ ಐತಿ. ಇನ್ನ್ಯಾವ ಹಬ್ಬ ಬೇಕೋ ನಿನಗ?"

ನಮ್ಮ ಕಡೆ ಶಾವಿಗೆ ಎಂದರೆ ಹಾಲು, ಬೆಲ್ಲ, ತುಪ್ಪ. ಅಳಿಯ ಬಂದರೆ, ಬೀಗರು ಬಂದರೆ ಬಸಿದು ಬಡಿಸುವಂಥದ್ದು. ಬೇಸಿಗೆಯಲ್ಲಿ ಓಣಿಯ ಹೆಂಗಸರೆಲ್ಲ ಕೂಡಿ ಹೊಸೆದು, ಒಣಗಿಸಿ, ಡಬ್ಬಿ ತುಂಬಿ ಇಡುತ್ತಾರೆ. ಅದನ್ನು ಮಾಂಸಕ್ಕೆ ಹಾಕುವುದನ್ನು ಯಾರೂ ಕೇಳಿರಲಿಲ್ಲ.

ಅವನು ಮುರಿದು ಹಾಕಿದ. ನೀರು ಚಿಮುಕಿಸಿ ಮುಚ್ಚಿದ. ಉರಿ ತಗ್ಗಿಸಿದ. ಮುಚ್ಚಳ ತೆಗೆದಾಗ ಖೀಮಾದ ರಸವನ್ನೆಲ್ಲ ಶಾವಿಗೆ ಹೀರಿಕೊಂಡು ಉಬ್ಬಿತ್ತು. ತಾಟು ತೊಳೆಯುವ ಬೇಸರಕ್ಕೆ ಡಬರಿಯಿಂದಲೇ ಉಂಡೆವು.

"ಹ್ಯಾಂಗ ಆಗೇತಿ?" ಎಂದ.

ಬೆರಳು ನೆಕ್ಕಿ ಹೇಳಿದೆ: "ಉಪ್ಪು ಕಮ್ಮಿ."

ಅವನು ಬಗ್ಗಿ ನೋಡಿದ. "ತಳಾ ಕೆರಕೊಂಡು ತಿಂದ ಮ್ಯಾಲ ಹೇಳ್ತೀಯಲ್ಲೋ. ಇನ್ನ ಡಬರಿಗೆ ಉಪ್ಪು ಹಚ್ಚಬೇಕು, ಅಷ್ಟ."

೨. ಅವ್ವನ ವಿಚಾರಣೆ

ಊರಿಗೆ ಹೋದಾಗ ಅವ್ವ ಕೇಳಿದಳು.

"ಶ್ಯಾವಿಗಿ ಮಾಡ್ಕೊಂಡ್ಯೇನೋ?"

"ಹೂಂ."

"ಹಾಲು ಹಾಕಿ?"

"ಹೂಂ."

"ಯಾರು ಮಾಡಿದ್ರು? ನೀನ ಮಾಡಿದ್ಯಾ?"

ಇಷ್ಟು ಪ್ರಶ್ನೆಗಳನ್ನು ನನಗೆ ಕಚೇರಿಯಲ್ಲೂ ಯಾರೂ ಕೇಳುತ್ತಿರಲಿಲ್ಲ. ಮುಗಿಯಲಿ ಎಂದು ಮತ್ತೊಮ್ಮೆ ಹೂಂ ಎಂದೆ.

ಅವ್ವನ ಕಣ್ಣಲ್ಲಿ ನೀರು ಬಂತು. ಮರುದಿನ ಬಾವಿಕಟ್ಟೆಯಲ್ಲಿ ಸುದ್ದಿ: "ನನ್ನ ಮಗ ಶಹರದಾಗ ಇದ್ದರೂ ಹೋಟೆಲ್ ಮೆಟ್ಲ ಹತ್ತಂಗಿಲ್ಲ. ತಾನ ಶ್ಯಾವಿಗಿ ಬಸದು, ತಾನ ಹಾಲು ಕಾಸಿ ಉಣ್ತಾನ. ಇವನ್ನ ಮಾಡ್ಕೊಂಡಾಕಿ ಕುಂತು ಉಣ್ತಾಳ ನೋಡ್ರಿ." ಅಲ್ಲಿಂದ ಸುದ್ದಿ ತಾವರಗೇರಾ ಸಂತೆಗೆ ಹೋಯಿತು. ಸಂತೆಯಿಂದ ಗಂಗಾವತಿ ಹತ್ತಿರದ ಸಿದ್ದಾಪುರಕ್ಕೆ. ಅಲ್ಲಿ ನಮ್ಮವರೇ ಒಬ್ಬ ಯಜಮಾನರಿದ್ದರು, ನೀರಾವರಿ ಗದ್ದೆ ಇದ್ದವರು. ಹೆಂಡತಿ ತೀರಿಕೊಂಡಿದ್ದಳು, ಮಗಳೊಬ್ಬಳೇ. ಇಂಥ ಹುಡುಗ ಇದ್ದರೆ ನೋಡಿಬರುತ್ತೇನೆ ಎಂದು ಹೇಳಿ ಕಳಿಸಿದರು.

ಅವ್ವ ನನಗೆ ಮೊದಲಿಗಿಂತ ದೊಡ್ಡ ಗಂಟು ಕಟ್ಟಿಕೊಟ್ಟಳು. ಶಾವಿಗೆ, ಬೆಲ್ಲ, ಒಂದು ಸೀಸೆ ತುಪ್ಪ. ಗೆಳೆಯ ಬೆಲ್ಲವನ್ನು ಚಹಾಕ್ಕೆ ಹಾಕಿದ. ತುಪ್ಪದಲ್ಲಿ ಶಾವಿಗೆ ಹುರಿದು ಖೀಮಾಕ್ಕೆ ಸುರಿದ. ಉಂಡು ಗೋಡೆಗೆ ಒರಗಿ ಹೇಳಿದ:

"ನಿಮ್ಮವ್ವಗ ಹೇಳು. ತುಪ್ಪ ಭಾಳ ಉಪಯೋಗ ಆತಂತ."

ಹೇಳಲಿಲ್ಲ.

೩. ಹಲ್ಲು

ಖೀಮಾ ಕೊಡಲು ಅಂಗಡಿಯವನಿಗೆ ಮನಸ್ಸಿರುತ್ತಿರಲಿಲ್ಲ. ಯಂತ್ರ ಇರಲಿಲ್ಲ. ಮರದ ದಿಮ್ಮಿಯ ಮೇಲೆ ಕತ್ತಿಯಿಂದ ಕೊಚ್ಚಬೇಕು, ಭಾನುವಾರ ಬೇರೆ, ಹಿಂದೆ ಜನ ನಿಂತಿರುತ್ತಾರೆ.

"ಸಾಹೇಬ್ರ, ಖೀಮಾ ತಗೊಳ್ಳೋರು ಹಲ್ಲಿಲ್ಲದ ಮುದುಕರು. ನಿಮಗ ಹಲ್ಲು ಅದಾವಲ್ರೀ?" ಎಂದ ಒಂದು ದಿನ.

"ಅದಾವ," ಎಂದ ಗೆಳೆಯ.

"ತೋರಸ್ರಿ."

ಗೆಳೆಯ ಬಾಯಿ ತೆರೆದು ತೋರಿಸಿದ. ಜನ ನಕ್ಕರು.

"ಹುಲಿಗೆ ಇದ್ದಂಗ ಅದಾವ. ನಿಮಗ ಖೀಮಾ ಇಲ್ಲ, ಹೋಗ್ರಿ." ಅಂಗಡಿಯವನು ನನ್ನ ಕಡೆ ತಿರುಗಿದ. "ಇವರಿಗೆ?"

ನಾನು ಬಾಯಿ ತೆರೆಯಲಿಲ್ಲ.

"ಇವರಿಗೆ ಅದಾವೇನ್ರಿ ಹಲ್ಲು?"

ಚೀಲ ಮುಂದೆ ಹಿಡಿದೆ.

"ಪಾಪ, ಈ ವಯಸ್ಸಿಗೇ," ಎಂದು ಅವನು ಕತ್ತಿ ಎತ್ತಿಕೊಂಡು ಕೊಚ್ಚತೊಡಗಿದ. ಆಮೇಲೆ ಆ ಅಂಗಡಿಯಲ್ಲಿ ಖೀಮಾ ನನ್ನ ದೆಸೆಯಿಂದ ಸಿಗುತ್ತಿತ್ತು.

೪. ಸಿದ್ದಾಪುರದ ಯಜಮಾನರು

ಯಜಮಾನರು ಹೇಳದೆ ಕೇಳದೆ ಒಂದು ಭಾನುವಾರ ಬಂದರು. ಡಬರಿ ಸ್ಟೋ ಮೇಲಿತ್ತು. ಅವರು ಹೊಸ್ತಿಲ ಹೊರಗೇ ಟವೆಲ್ ಹಾಸಿ ಕೂತರು. ನೀರು ಕೊಡಲು ಹೋದೆ. ಕೈ ಅಡ್ಡ ಹಿಡಿದರು.

ಅದು ನಮ್ಮವರ ಪದ್ಧತಿ. ಮಾತು ಗಟ್ಟಿಯಾಗುವ ತನಕ ಹೆಣ್ಣಿನ ಅಪ್ಪ ಗಂಡಿನ ಮನೆಯಲ್ಲಿ ಗುಟುಕು ನೀರನ್ನೂ ಮುಟ್ಟುವುದಿಲ್ಲ. ಉಂಡರೆ ಮುಗಿಯಿತು, ಉಂಡ ಮನೆಗೆ ಹೆಣ್ಣು ಕೊಟ್ಟಂತೆ. ಮತ್ತೆ ಮಾತು ತಿರುಗಿಸುವಂತಿಲ್ಲ.

"ಪಗಾರ ಸರಿಯಾಗಿ ಬರ್ತೈತೇನಪ್ಪ?"

"ಹೌದ್ರಿ."

"ಚಟಾ ಏನರ?"

"ಇಲ್ರಿ."

ಮುಂದೆ ಅವರಿಗೆ ಕೇಳಲು ಏನೂ ಉಳಿಯಲಿಲ್ಲ. ನನಗೆ ಹೇಳಲು ಮೊದಲೇ ಇರಲಿಲ್ಲ. ಗೆಳೆಯ ಮುಚ್ಚಳ ತೆಗೆದ. ವಾಸನೆ ಹೊಸ್ತಿಲು ದಾಟಿತು. ಯಜಮಾನರ ಮೂಗು ಅತ್ತ ತಿರುಗಿತು.

"ಅದೇನದು?"

"ಖೀಮಾ ರೀ," ಎಂದ ಗೆಳೆಯ.

"ಮತ್ತ ಅದರಾಗ ಎಳಿ ಎಳಿ ಕಾಣ್ತೈತಲ್ಲ?"

"ಶ್ಯಾವಿಗಿ ರೀ. ಬಾಯಾಗ ಇಟ್ರ ಕರಗತೈತ್ರಿ. ಅಗಿಯೋದ ಬೇಕಿಲ್ಲ."

ಯಜಮಾನರು ಬಾಯಿ ಅಗಲಿಸಿದರು. ಒಂದು ಹಲ್ಲೂ ಇರಲಿಲ್ಲ. "ಹಲ್ಲು ಹೋದ ಮ್ಯಾಲ ಮಾಂಸ ತಿಂದಿಲ್ಲೋ ಯಪ್ಪ. ಮಗಳು ಸಾರು ಬಸದು ಕೊಡ್ತಾಳ, ನೆಕ್ಕೋದು. ತುಣುಕು ನಾಯಿಗೆ." ಇಷ್ಟು ಹೇಳಿ ಡಬರಿಯನ್ನು ನೋಡಿದರು. ಆಮೇಲೆ ಆಕಾಶ ನೋಡಿದರು. ಮತ್ತೆ ಡಬರಿ ನೋಡಿದರು. ಎದ್ದು ಹೋಗಲಿಲ್ಲ.

ನನಗೆ ಕೆಡುಕೆನಿಸಿತು. ಆ ದಿನ ನಾನು ನನ್ನ ಜೀವಮಾನದ ದೊಡ್ಡ ಮಾತು ಆಡಿದೆ.

"ಯಜಮಾನ್ರ, ಸ್ಟೋ ಇವಂದು. ಡಬರಿ ಇವಂದು. ಆ ಕಡಿ ಗ್ವಾಡಿತನಕ ಅರ್ಧಾ ಕೋಣಿ ಇವಂದು. ಅಲ್ಲಿ ಕುಂತು ಉಂಡ್ರ ನನ್ನ ಮನಿಯಾಗ ಉಂಡಂಗ ಆಗಂಗಿಲ್ರಿ."

ಯಜಮಾನರು ಎದ್ದರು. ಟವೆಲ್ ಎತ್ತಿಕೊಂಡು, ನನ್ನ ಚಾಪೆಯನ್ನು ಸುತ್ತುಬಳಸಿ ದಾಟಿ, ಗೆಳೆಯನ ಟ್ರಂಕಿನ ಪಕ್ಕ ಕೂತರು. ಉಂಡರು. ಇನ್ನಷ್ಟು ಹಾಕಿಸಿಕೊಂಡರು. ತಳ ಕೆರೆಸಿಕೊಂಡರು. ಬೆವರು ಒರೆಸಿಕೊಂಡು ಹೇಳಿದರು:

"ಹುಡುಗನ್ನ ಇನ್ನೂ ಸರಿಯಾಗಿ ನೋಡಾಕ ಆಗಲಿಲ್ಲ. ಮುಂದಿನ ಐತವಾರ ಬರ್ತೀನಿ."

ಬಂದರು. ಅದರ ಮುಂದಿನ ಭಾನುವಾರವೂ ಬಂದರು. ಬರಿಗೈಲಿ ಬರಬಾರದೆಂದು ಒಮ್ಮೆ ಅಕ್ಕಿ ಚೀಲ ತಂದರು. ವರನಿಗೆ ಈಗಲೇ ಕೊಟ್ಟರೆ ಚೆನ್ನಾಗಿರುವುದಿಲ್ಲ ಎಂದು ಗೆಳೆಯನಿಗೆ ಕೊಟ್ಟರು. ಒಂದು ಸಲ ನಾನು ಕೆಲಸದ ಮೇಲೆ ಕೊಪ್ಪಳಕ್ಕೆ ಹೋಗಿದ್ದೆ. ಆ ಭಾನುವಾರವೂ ಬಂದು, ನನ್ನನ್ನು ನೋಡಿಕೊಂಡು ಹೋದರಂತೆ.

೫. ಹುಡುಗಿ ಕೇಳಿದ್ದು

ಹೆಣ್ಣು ನೋಡಲು ಸಿದ್ದಾಪುರಕ್ಕೆ ಹೋದೆವು. ನಾನು, ಅವ್ವ, ಸೋದರಮಾವ. ಜೊತೆಗಿರಲಿ ಎಂದು ಗೆಳೆಯನನ್ನೂ ಕರೆದುಕೊಂಡೆ. ಪಂಪಿನ ಬಳಿ ಕಾಲು ತೊಳೆದು ಒಳಗೆ ಕೂತೆವು.

ಹುಡುಗಿ ಬಾಳೆಹಣ್ಣಿನ ತಾಟು ತಂದಳು. ಇಡುವಾಗ ಒಂದು ಹಣ್ಣು ಜಾರಿತು. ನಾನು ಹಿಡಿದೆ. ಅವಳು ನಕ್ಕಳು. ನನಗೆ ಅಷ್ಟು ಸಾಕಾಗಿತ್ತು. ಹೊರಡೋಣ ಎಂದಿದ್ದರೂ ಒಪ್ಪಿಕೊಂಡು ಹೊರಡುತ್ತಿದ್ದೆ.

ಮಾವ ಹುಡುಗಿಗೆ ಹೇಳಿದ: "ಏನರ ಕೇಳೋದಿದ್ರ ಕೇಳವ್ವ. ಈಗಿನ ಕಾಲ."

ಅವಳು ನನ್ನನ್ನೇ ನೋಡಿ ಕೇಳಿದಳು. "ಒಂದ ಡಬರ್ಯಾಗ ಖೀಮಾ ಶ್ಯಾವಿಗಿ ಮಾಡ್ತೀರಂತ. ನಮ್ಮಪ್ಪ ಐತವಾರ ಬಂತಂದ್ರ ಮನಿಯಾಗ ನಿಲ್ಲವಲ್ಲ. ನಾ ಮಾಡಿದ್ರ ಮುದ್ದಿ ಆಗತೈತ್ರಿ. ನೀವು ಹ್ಯಾಂಗ ಮಾಡ್ತೀರಿ?"

ಅವ್ವ ಗಾಬರಿಯಾದಳು. "ಖೀಮಾನ? ಶ್ಯಾವಿಗ್ಯಾಗ?"

ನನಗೆ ಉತ್ತರ ಗೊತ್ತಿತ್ತು. ಪ್ರತಿ ಭಾನುವಾರ ಸ್ಟೋ ಪಕ್ಕದಲ್ಲೇ ಕೂತು ನೋಡಿದ್ದೆ. ಎಲ್ಲವೂ ತಲೆಯಲ್ಲಿತ್ತು, ಬಾಯಿಗೆ ಬರಲಿಲ್ಲ. ಬಂದದ್ದು ಇಷ್ಟು: "ಅವನ್ನ ಕೇಳ್ರಿ."

ಬಾಗಿಲ ಬಳಿ ಕೂತಿದ್ದ ಗೆಳೆಯ ಕೈ ಬೀಸಿ ಹೇಳತೊಡಗಿದ. "ಮೊದಲ ಶ್ಯಾವಿಗಿ ತುಪ್ಪದಾಗ ಕೆಂಪಗ ಹುರಕೋಬೇಕ್ರಿ. ತಗದು ಇಡ್ರಿ. ಅದ ಡಬರ್ಯಾಗ ಉಳ್ಳಾಗಡ್ಡಿ, ಬಳ್ಳೊಳ್ಳಿ, ಖೀಮಾ. ಖೀಮಾದ ನೀರು ಇನ್ನೂ ಇರೋವಾಗ ಶ್ಯಾವಿಗಿ ಹಾಕಿ ಮುಚ್ಚಿಬಿಡ್ರಿ. ಆಮ್ಯಾಲ ಸೌಟು ಮುಟ್ಟಬಾರದ್ರಿ. ತಿರುವಾಕ ಕೈ ತಿಂತೈತಿ, ಆದ್ರೂ ಮುಟ್ಟಬಾರದು. ನೀವು ತಿರುವ್ತೀರಿ ಹೌದಿಲ್ಲೋ?"

"ಹೌದ್ರಿ, ತಿರುವ್ತೀನಿ."

"ಅದಕ್ಕ ಮುದ್ದಿ."

ಅವಳು ಮತ್ತೆ ನಕ್ಕಳು. ಈ ಸಲ ಬಾಳೆಹಣ್ಣು ಜಾರಿರಲಿಲ್ಲ.

ಬಸ್ಸಿನಲ್ಲಿ ಅವ್ವ ನನ್ನ ಜೊತೆ ಮಾತಾಡಲಿಲ್ಲ. ಮಾವ ಮಾತ್ರ ಕಿವಿಯಲ್ಲಿ ಕೇಳಿದ: "ಹೆಣ್ಣು ನೋಡಾಕ ಹೋಗಿದ್ದು ನೀನೋ, ಅವನೋ?"

೬. ನಿಶ್ಚಯ

ಹೀಗಿದ್ದೂ ಯಜಮಾನರು ನಿಶ್ಚಯಕ್ಕೆ ದಿನ ಕೊಟ್ಟರು. ಸಿದ್ದಾಪುರದಲ್ಲಿ ಅವರ ಪಡಸಾಲೆಯಲ್ಲಿ ಜನ ಸೇರಿದರು. ಎಲೆ ಅಡಿಕೆ ತಾಟು ನಡುವೆ ಇತ್ತು. ಅವ್ವ ಸಿಟ್ಟು ಇಳಿದು ಹೊಸ ಸೀರೆ ಉಟ್ಟು ಬಂದಿದ್ದಳು. ನಾನು ಅಂಗಿಗೆ ಇಸ್ತ್ರಿ ಹಾಕಿಸಿದ್ದೆ.

ನಮ್ಮವರಲ್ಲಿ ಹಿರಿಯರೊಬ್ಬರು ಪದ್ಧತಿಯಂತೆ ಕೇಳಿದರು. "ಯಜಮಾನ್ರ, ಇಲ್ಲೀತನಕ ಹುಡುಗನ ಮನಿಯಾಗ ಉಂಡಿಲ್ಲಲ್ಲ?"

"ಇಲ್ರಿ. ನೀರೂ ಮುಟ್ಟಿಲ್ಲ."

"ಛಲೋ ಆತು. ಬ್ಯಾರೆ ಯಾರ ಮನಿಯಾಗರ ಉಂಡೀರೇನು, ಲಗ್ನಾಗದ ಹುಡುಗ ಇದ್ದಲ್ಲಿ?"

ಇದಕ್ಕೆ ಎಲ್ಲರೂ ಇಲ್ಲ ಎಂದೇ ಹೇಳುವುದು. ಯಜಮಾನರು ಹೇಳಲಿಲ್ಲ. ಬಾಗಿಲ ಬಳಿ ಕೂತಿದ್ದ ನನ್ನ ಗೆಳೆಯನನ್ನು ನೋಡಿದರು.

"ಇವನ ಕಡೆ ಉಂಡೀನ್ರಿ."

"ಒಂದ ಸಲಾನ?"

"ಐತವಾರಕ್ಕೊಮ್ಮೆ."

ಜನ ಬಾಗಿಲ ಕಡೆ ತಿರುಗಿದರು. ಹಿರಿಯರು ಗೆಳೆಯನ ಊರು, ಮನೆತನ ಕೇಳಿದರು. ಎಲ್ಲ ಸರಿ ಇತ್ತು. "ಹಂಗಾದ್ರ ಉಂಡ ಮನಿಗೆ ಕೊಟ್ಟಂಗ ಆಗೇತಲ್ರಿ," ಎಂದರು.

ಅವ್ವ ಎದ್ದು ನಿಂತಳು. "ಶ್ಯಾವಿಗಿ ನಂದ್ರೀ! ನಾ ಹೊಸದದ್ದು! ತುಪ್ಪಾನೂ ನಂದ!"

"ಖೀಮಾ?"

"ಇಬ್ಬರೂ ಕೂಡಿ ತರ್ತಿದ್ವಿ," ಎಂದ ಗೆಳೆಯ. ಕೂತಲ್ಲೇ ಕೈ ಮುಗಿದ. "ಹಿರ್ಯಾರ, ಇದು ಬ್ಯಾಡ್ರಿ. ಇವ ನನ್ನ ಗೆಳ್ಯಾ ಅದಾನ."

ಹಿರಿಯರು ಯೋಚಿಸಿದರು. ಶಾವಿಗೆ ಒಬ್ಬರದು, ಖೀಮಾ ಇಬ್ಬರದು. ಇಂಥ ನ್ಯಾಯ ಅವರ ಮುಂದೆ ಬಂದಿರಲಿಲ್ಲ. "ಹುಡುಗಿ ಏನಂತಾಳ ಕೇಳ್ರಿ," ಎಂದರು. ಒಬ್ಬ ಮುದುಕಿ ಒಳಗೆ ಹೋಗಿ ಬಂದಳು.

"ಡಬರಿ ಯಾರದೋ ಅವರಿಗೆ ಅಂತಾಳ."

ಹಿರಿಯರ ಮುಖ ಅರಳಿತು. "ಶಾಣ್ಯಾ ಹುಡುಗಿ. ಒಲಿ ಯಾರದೋ ಮನಿ ಅವರದ. ಹೇಳಪಾ ತಮ್ಮ, ಡಬರಿ ಯಾರದು?"

ಕೇಳಿದ್ದು ನನ್ನನ್ನು. ಯಜಮಾನರೂ ನನ್ನನ್ನೇ ನೋಡಿದರು. ಅವ್ವ ಸೀರೆ ಸೆರಗು ಕಚ್ಚಿಕೊಂಡಿದ್ದಳು. ಗೆಳೆಯ ನನ್ನತ್ತ ಕಣ್ಣು ಮಾಡಿ, ನಿಂದು ಅನ್ನು ಎಂದು ತಲೆಯಾಡಿಸಿದ. ಒಳಗೆ ಬಳೆ ಸದ್ದಾಯಿತು, ನಿಂತಿತು.

ಡಬರಿ ಅವನದು. ಅವನ ಅಪ್ಪನ ಹೆಸರು ಅದರ ಕಂಠದ ಮೇಲೆ ಕೊರೆಸಿತ್ತು. ಆದರೂ ಆ ಪಡಸಾಲೆಯಲ್ಲಿ ನಾವಿಬ್ಬರು ಮತ್ತು ಯಜಮಾನರನ್ನು ಬಿಟ್ಟರೆ ಅದನ್ನು ನೋಡಿದವರು ಯಾರಿದ್ದರು, ಯಜಮಾನರೂ ಅಡ್ಡ ಮಾತಾಡುವವರಲ್ಲ. ನಂದು ಎಂದರೆ ಮುಗಿಯುತ್ತಿತ್ತು. ಚಿಕ್ಕ ಮಾತು. ನನ್ನಂಥವನಿಗೂ ಉದ್ದವಾಗುವಂಥದ್ದಲ್ಲ.

"ಅವಂದು," ಎಂದೆ.

ಎಲೆ ಅಡಿಕೆ ತಾಟನ್ನು ನನ್ನ ಮುಂದಿನಿಂದ ಎತ್ತಿ ಬಾಗಿಲ ಬಳಿ ಗೆಳೆಯನ ಮುಂದೆ ಇಟ್ಟರು. ಬಂದ ಜನ ಬಂದಾಗಿತ್ತು, ಅಡಿಗೆ ಆಗಿತ್ತು. ಎಲ್ಲರೂ ಉಂಡೆವು. ಯಜಮಾನರು ನನ್ನ ಪಕ್ಕದಲ್ಲೇ ಕೂತು, ತಮಗೆ ಬಂದ ಹೋಳಿಗೆಯನ್ನು ನನ್ನ ಎಲೆಗೆ ಹಾಕಿದರು. "ನಿನ್ನಂಥ ಖರೇ ಮನಷ್ಯಾನ್ನ ನೋಡಿಲ್ಲೋ ಯಪ್ಪ," ಎಂದರು. ಅವರಿಗೆ ಇನ್ನೊಬ್ಬ ಮಗಳು ಇರಲಿಲ್ಲ.

ಬೇಸಿಗೆಯಲ್ಲಿ ಲಗ್ನವಾಯಿತು. ಗೆಳೆಯ ಬೇರೆ ಮನೆ ಹಿಡಿದ. ಸ್ಟೋ ಒಯ್ದ, ಡಬರಿ ಒಯ್ದ. ಭಾನುವಾರ ಉಣ್ಣಲು ಬಾ ಎಂದು ಬಹಳ ಸಲ ಕರೆದ. ಹೋಗಲಿಲ್ಲ.

ಟ್ರಂಕಿನಲ್ಲಿ ಅವ್ವನ ಶಾವಿಗೆ ಉಳಿದಿತ್ತು. ಹಾಲು ಹಾಕಿ ಉಂಡೆ.