ಮಾವನ ಸೌಟಿಗೆ ಕೈ ಹಾಕಿದ್ದು

ನಾನು ಕೆ.ಆರ್. ನಗರದಲ್ಲಿ ಮಿಕ್ಸಿ, ಫ್ಯಾನು ರಿಪೇರಿ ಮಾಡುವವನು. ಅದು ಹೊಟ್ಟೆಪಾಡು. ನಾನು ಹುಟ್ಟಿರುವುದು ಮಾತ್ರ ಅಡುಗೆ ಮಾಡುತ್ತಾ ಕಥೆ ಹೇಳಿ ಜನರನ್ನು ನಗಿಸುವುದಕ್ಕೆ! ಈ ವಿಷಯದಲ್ಲಿ ನನಗೆ ಎಳ್ಳಷ್ಟೂ ಅನುಮಾನವಿರಲಿಲ್ಲ. ಅನುಮಾನವಿದ್ದದ್ದು ನನ್ನ ಹೆಂಡತಿ ಭಾಗ್ಯಳಿಗೆ. ಅವಳು ನನ್ನ ಅಡುಗೆ ತಿಂದವಳು, ಕಥೆಯನ್ನೂ ಕೇಳಿದವಳು.

ಈ ಹುಚ್ಚು ನನಗೆ ಹತ್ತಿದ್ದು ನನ್ನ ಮಾವ ಬೋರಯ್ಯನವರಿಂದ. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆ, ಈ ನಾಲ್ಕು ತಾಲ್ಲೂಕಿನಲ್ಲಿ ಎಲ್ಲಿ ಬೀಗರ ಊಟ ನಡೆದರೂ ಮಟನ್ ಸಾರಿನ ಹಂಡೆಯ ಮುಂದೆ ನಿಂತಿರುತ್ತಿದ್ದವರು ಅವರೇ. ಕೈಯಲ್ಲಿ ಮೊಳಕ್ಕಿಂತ ಉದ್ದದ ಕಬ್ಬಿಣದ ಸೌಟು, ಬಾಯಲ್ಲಿ ಕಥೆ. ಗಂಡು ಹೆಣ್ಣು ಕೂತ ಕಡೆ ಫೋಟೋದವನು ಒಬ್ಬನೇ ಇರುತ್ತಿದ್ದ. ಉಳಿದ ಮದುವೆಯೆಲ್ಲ ಮಾವನ ಒಲೆಯ ಸುತ್ತ ಕುಕ್ಕುರುಗಾಲಲ್ಲಿ ಕೂತು ನಗುತ್ತಿತ್ತು.

ಮಾವ ಹೋದ ವರ್ಷ ತೀರಿಕೊಂಡರು. ಭೇರ್ಯದ ಹತ್ತಿರದ ಅವರ ಊರಿನ ಮನೆಯಲ್ಲಿ, ನಡುಮನೆಯ ಗೋಡೆಯ ಮೊಳೆಗೆ ಆ ಸೌಟು ನೇತುಬಿತ್ತು. ಅತ್ತೆ ಅದಕ್ಕೆ ಅರಿಶಿನ ಕುಂಕುಮ ಹಚ್ಚಿ, ಯಾರೂ ಮುಟ್ಟಬಾರದೆಂದು ಅಪ್ಪಣೆ ಮಾಡಿದರು. ನಾನು ಆ ಮನೆಗೆ ಹೋದಾಗಲೆಲ್ಲ ಮಾವನ ಫೋಟೋಗೆ ಒಂದು ಸಲ ಕೈ ಮುಗಿದರೆ, ಸೌಟಿಗೆ ಎರಡು ಸಲ ಮುಗಿಯುತ್ತಿದ್ದೆ.

ಅಷ್ಟರಲ್ಲಿ ಬಾಮೈದ ಮಾದೇಶನ ಮಗಳಿಗೆ ಮದುವೆ ಗೊತ್ತಾಯಿತು. ದೀಪಾವಳಿ ಕಳೆದ ಮೇಲೆ ಬೀಗರ ಊಟ. ಬೋರಯ್ಯನವರ ಮೊಮ್ಮಗಳ ಬೀಗರ ಊಟಕ್ಕೆ ಸೌಟು ಹಿಡಿಯುವವರು ಯಾರು? ಅತ್ತೆ ತೀರ್ಪು ಕೊಟ್ಟರು.

"ಈ ಸಲದ ಪಕ್ಷಕ್ಕೆ ಯಾರು ಎಡೆ ಅಡುಗೆ ಮಾಡ್ತರೋ ಮಾಡ್ಲಿ. ಅವ್ರು ಒಪ್ಕಂಡ್ರೆ ಸೌಟು ಅವರ್ಗೇ."

'ಅವ್ರು' ಎಂದರೆ ಮಾವ. ನಮ್ಮ ಕಡೆ ಪಿತೃಪಕ್ಷದಲ್ಲಿ ತೀರಿಹೋದ ಹಿರಿಯರಿಗೆ ಇಷ್ಟವಾದದ್ದನ್ನೆಲ್ಲ ಮಾಡಿ, ಹೊಸ ಬಟ್ಟೆ ಇಟ್ಟು, ಫೋಟೋ ಮುಂದೆ ಎಡೆ ಬಡಿಸುತ್ತೇವೆ. ಮಾವನಿಗೆ ಇಷ್ಟವಾದದ್ದು ಮಟನ್ ಸಾರು, ಮುದ್ದೆ. ನಾನು ಎದ್ದು ನಿಂತು ಕೈ ಎತ್ತಿದೆ. "ಅತ್ತೇ, ನಾನು!"

ಭಾಗ್ಯ ನನ್ನ ಅಂಗಿ ಜಗ್ಗಿದಳು. "ಸುಮ್ನೆ ಕೂತ್ಕಳ್ರೀ! ಮನೇಲಿ ಅನ್ನಕ್ಕೆ ಇಟ್ರೆ ಗಂಜಿ ಆಯ್ತದೆ."

"ಅದು ಗ್ಯಾಸಿನ ದೋಷ ಕಣೇ. ಸೌದೆ ಒಲೆ ಮುಂದೆ ನನ್ ಕೈ ನೋಡು!"

ಬರೀ ಅಡುಗೆ ಮಾಡಿದರೆ ಸಾಕೇ? ನಾಲ್ಕು ತಾಲ್ಲೂಕಿಗೆ ಗೊತ್ತಾಗಬೇಡವೇ? ಅದಕ್ಕಾಗಿ ಅದನ್ನು ಮೊಬೈಲಿನಲ್ಲಿ ವಿಡಿಯೋ ಮಾಡಿ ಹಾಕುವುದೆಂದು ನಿರ್ಧರಿಸಿದೆ. ಅಡುಗೆ, ನಿರೂಪಣೆ, ನಿರ್ದೇಶನ ನನ್ನದು. ಮೊಬೈಲು ಹಿಡಿಯುವ ಕೆಲಸ ಭಾಗ್ಯಳದು. ಅವಳಿಗೆ ನಾನು ಒಂದೇ ಒಂದು ನಿಯಮ ಹೇಳಿಕೊಟ್ಟೆ: "ಏನೇ ಆಗ್ಲಿ, ಕ್ಯಾಮೆರಾ ಮಾತಾಡಬಾರ್ದು."

ಪಕ್ಷದ ಹಬ್ಬದ ದಿನ ಬೆಳಿಗ್ಗೆ ಹಿತ್ತಲಿನಲ್ಲಿ ಒಲೆ ಹೂಡಿದೆವು. ಅತ್ತೆ ಅಷ್ಟು ಹೊತ್ತಿಗೇ ಮಟನ್ನಿಗೆ ಉಪ್ಪು, ಅರಿಶಿನ ಹಾಕಿ ಬೇಯಿಸಿಟ್ಟಿದ್ದರು. ಭಾಗ್ಯ ಖಾರ ರುಬ್ಬಿ ಕೊಟ್ಟಿದ್ದಳು. ನನ್ನ ಪಾಲಿಗೆ ಉಳಿದದ್ದು ಎರಡನ್ನೂ ಸೇರಿಸಿ ಕುದಿಸುವುದು. ಅಂದರೆ ಅಡುಗೆಯ ಮುಖ್ಯ ಭಾಗ!

ಹೊಸಿಲಿನಿಂದಲೇ ಅತ್ತೆ ಎಚ್ಚರಿಸಿದರು. "ಅಳಿಯಂದ್ರೇ, ಎಡೆ ಇಡೋಗಂಟ ಯಾರೂ ರುಚಿ ನೋಡಂಗಿಲ್ಲ. ಬೆರಳು ನೆಕ್ಕಂಗೂ ಇಲ್ಲ. ಮೊದಲ್ನೇ ತುತ್ತು ಅವ್ರದು."

"ನಮ್ಮಂಥೋರಿಗೆ ರುಚಿ ನೋಡೋ ಅವಶ್ಯಕತೆನೇ ಬರಕ್ಕಿಲ್ಲ ಅತ್ತೆ," ಎಂದೆ. ಈ ಮಾತನ್ನು ಇವತ್ತಿಗೂ ಮನೆಯಲ್ಲಿ ಯಾರಾದರೊಬ್ಬರು ನೆನಪಿಸುತ್ತಾರೆ.

ಮಾವ ಹೇಳುತ್ತಿದ್ದ ಆನೆಯ ಕಥೆಯನ್ನು ವಿಡಿಯೋಗೆ ಆರಿಸಿಕೊಂಡಿದ್ದೆ. ಕಾಕನಕೋಟೆ ಕಾಡಿನ ಅಂಚಿನ ಒಂದು ಹಳ್ಳಿಯಲ್ಲಿ ಮಾವ ಮದುವೆ ಅಡುಗೆ ಮಾಡುತ್ತಿದ್ದಾಗ ಆನೆ ಬಂತಂತೆ. ಜನರೆಲ್ಲ ದಿಕ್ಕಾಪಾಲಾಗಿ ಓಡಿದರಂತೆ. ಮಾವ ಹಂಡೆಯ ಹಿಂದೆ ಅವಿತುಕೊಂಡರಂತೆ. ಆನೆ ಸೊಂಡಿಲು ಇಳಿಬಿಟ್ಟು, ಸಾರಿನ ವಾಸನೆ ನೋಡಿ, ತಲೆ ಕೊಡವಿ ವಾಪಸ್ ಹೊರಟುಹೋಯಿತಂತೆ. ಯಾಕೆ? ಮಾವ ಇನ್ನೂ ಉಪ್ಪು ಹಾಕಿರಲಿಲ್ಲವಂತೆ! "ಉಪ್ಪಿಲ್ಲದ ಸಾರ ಆನೆನೂ ಮೂಸಕ್ಕಿಲ್ಲ ಕಣ್ರಲಾ!" ಎಂದು ಹೇಳಿ ಮಾವ ಸರಿಯಾಗಿ ಆ ಮಾತಿಗೇ ಹಂಡೆಗೆ ಉಪ್ಪು ಎಸೆಯುತ್ತಿದ್ದರು. ಜನ ಬಿದ್ದು ಬಿದ್ದು ನಗುತ್ತಿದ್ದರು.

ನಾನೂ ಹಾಗೇ ಮಾಡಬೇಕು. ಆ ಮಾತು, ಆ ಉಪ್ಪು, ಎರಡೂ ಒಟ್ಟಿಗೇ ಬೀಳಬೇಕು. ಚಿಟಿಕೆ ಉಪ್ಪು ಮೊಬೈಲಿಗೆ ಕಾಣುವುದಿಲ್ಲವಲ್ಲ, ಹಿಡಿ ತುಂಬ ತೆಗೆದುಕೊಂಡೆ.

"ರೋಲಿಂಗ್!" ಎಂದೆ. ಕಥೆ ಭರ್ಜರಿಯಾಗಿ ಸಾಗಿತು. "ಉಪ್ಪಿಲ್ಲದ ಸಾರ ಆನೆನೂ..." ಎನ್ನುತ್ತಾ ಉಪ್ಪು ಎಸೆದೆ. ಪಕ್ಕದ ಮನೆಯ ಎಮ್ಮೆ ಅದೇ ಗಳಿಗೆಗೆ ಕೂಗಿತು! ನನ್ನ ಅಷ್ಟು ಒಳ್ಳೆಯ ಮಾತನ್ನು ಎಮ್ಮೆ ನುಂಗಿಹಾಕಿತು.

"ಕಟ್! ಮತ್ತೆ ಮೊದಲಿಂದ!"

ಮತ್ತೆ ಆನೆ ಬಂತು, ಜನ ಓಡಿದರು, ಉಪ್ಪು ಬಿತ್ತು. ಆ ಹೊತ್ತಿಗೆ ಬೀದಿಯಲ್ಲಿ ತರಕಾರಿ ಆಟೋದ ಮೈಕು "ಟಮೋಟಾ, ಈರುಳ್ಳಿ, ಟಮೋಟಾ!" ಎಂದು ಅರಚಿತು. ಕಟ್!

ಭಾಗ್ಯ ಬಾಯಿ ತೆರೆದಳು. ನಾನು ತುಟಿಯ ಮೇಲೆ ಬೆರಳಿಟ್ಟೆ. "ಕ್ಯಾಮೆರಾ!" ಎಂದೆ. ಅವಳು ಬಾಯಿ ಮುಚ್ಚಿದಳು.

ಮೂರನೆಯ ಸಲ ಎಮ್ಮೆಯೂ ಇಲ್ಲ, ಆಟೋವೂ ಇಲ್ಲ. ಉತ್ಸಾಹ ಉಕ್ಕಿ ಬಂತು. ಕೈಯೆತ್ತಿ ಉಪ್ಪು ಎಸೆಯುತ್ತಾ ಘೋಷಿಸಿದೆ: "ಉಪ್ಪಿಲ್ಲದ ಮಾವನ್ನ ಆನೆನೂ ಮೂಸಕ್ಕಿಲ್ಲ ಕಣ್ರಲಾ!"

ಒಳಗಿನಿಂದ ಅತ್ತೆ ಕೆಮ್ಮಿದ್ದು ಕೇಳಿಸಿತು. ಮಾವನ ಹಬ್ಬದ ದಿನ ಇದು ಹೊರಗೆ ಹೋಗುವಂತಿಲ್ಲ. ಕಟ್!

ನಾಲ್ಕನೆಯದು ಅದ್ಭುತ! ಮಾತು, ಉಪ್ಪು, ನಗು, ಎಲ್ಲ ಒಟ್ಟಿಗೇ ಬಿದ್ದವು. ಭಾಗ್ಯ ಮೊಬೈಲಿನ ಹಿಂದೆ ಒಂದು ಕೈಯನ್ನು ಜೋರಾಗಿ ಬೀಸುತ್ತಿದ್ದಳು. ಇಷ್ಟು ವರ್ಷದ ಸಂಸಾರದಲ್ಲಿ ಅವಳು ನನ್ನನ್ನು ಹೀಗೆ ಮೆಚ್ಚಿದ್ದು ಮೊದಲ ಸಲ ಎಂದುಕೊಂಡು ಹಿಗ್ಗಿಹೋದೆ. ಸೆಲ್ಯೂಟ್ ಹೊಡೆದು ವಿಡಿಯೋ ಮುಗಿಸಿದೆ.

"ರೀ, ಉಪ್ಪು!" ಎಂದು ಕಿರುಚಿದಳು.

"ಉಪ್ಗೇನಾಯ್ತು?"

"ಒಂದೊಂದ್ ಸಲಾನೂ ಹಂಡೇಗೆ ಆಕುದ್ರಲ್ರೀ! ಅವ್ವ ಬೇಯ್ಸೋವಾಗ್ಲೇ ಆಕಿತ್ತು!"

"ಮೊದ್ಲೇ ಬೊಗಳಕ್ಕೆ ಏನಾಗಿತ್ತೇ ನಿಂಗೆ?"

"ಕ್ಯಾಮೆರಾ ಮಾತಾಡಬಾರ್ದು ಅಂದೋರ್ಯಾರು?"

ಹಂಡೆಯ ಮುಂದೆ ನಿಂತು ನೋಡಿದೆ. ಸಾರು ಏನೂ ಆಗದವರ ಹಾಗೆ ಕೊತಕೊತ ಕುದಿಯುತ್ತಿತ್ತು. ಬಣ್ಣ ಚೆನ್ನಾಗಿತ್ತು, ವಾಸನೆ ಇನ್ನೂ ಚೆನ್ನಾಗಿತ್ತು. ಒಂದೇ ಒಂದು ತೊಟ್ಟು ನಾಲಿಗೆಗೆ ಬಿಟ್ಟುಕೊಂಡರೆ ಗೊತ್ತಾಗುತ್ತಿತ್ತು. ಆದರೆ ಮೊದಲ ತುತ್ತು ಮಾವನದು!

ಮಿಕ್ಸಿ ಬಿಚ್ಚಿ ಜೋಡಿಸುವವನಿಗೆ ಇದೊಂದು ಸಮಸ್ಯೆಯೇ? ಆಲೂಗಡ್ಡೆ ಉಪ್ಪನ್ನು ಹೀರಿಕೊಳ್ಳುತ್ತದೆ ಎಂದು ಯಾರೋ ಹೇಳಿದ್ದು ನೆನಪಾಯಿತು. ಮನೆಯಲ್ಲಿದ್ದ ಆಲೂಗಡ್ಡೆಯನ್ನೆಲ್ಲ ಹೆಚ್ಚಿ ಸುರಿದೆ. ಸಾಲದೆನಿಸಿ ರಾಗಿ ಹಿಟ್ಟನ್ನು ಕಲಸಿ ಉಂಡೆ ಮಾಡಿ ಬಿಟ್ಟೆ. ಉಂಡೆಗಳು ಉಪ್ಪನ್ನು ಹೀರುವ ಬದಲು ಕರಗಿ ಮಾಯವಾದವು. ಸಾರು ಗೋಡೆಗೆ ಪೋಸ್ಟರ್ ಅಂಟಿಸುವ ಹದಕ್ಕೆ ಬಂತು. ನೀರು ಹೊಯ್ದೆ. ಬಣ್ಣ ಹೋಯಿತು. ಬಣ್ಣಕ್ಕೆಂದು ಖಾರದ ಪುಡಿ ಸುರಿದೆ. ಬಣ್ಣ ಬಂತು! ಭಾಗ್ಯ ಮೊಬೈಲನ್ನು ಕೆಳಗಿಟ್ಟು ಮಾವನ ಫೋಟೋ ಇದ್ದ ಕೋಣೆಯ ಕಡೆಗೆ ಕೈ ಮುಗಿದಳು.

"ಸರಿಹೋಯ್ತದೆ ಬುಡು," ಎಂದೆ. ನಿಜವಾಗಿಯೂ ಹಾಗೇ ನಂಬಿದ್ದೆ. ನಂಬಲು ನನಗೆ ಯಾವತ್ತೂ ಹೆಚ್ಚು ಸಾಕ್ಷಿ ಬೇಕಾಗಿಲ್ಲ.

ಫೋಟೋ ಮುಂದೆ ಎಡೆ ಇಟ್ಟೆವು. ಹೊಸ ಪಂಚೆ, ಬೀಡಿ ಕಟ್ಟು, ಮುದ್ದೆ, ಸಾರು. ಮಾವ ನೆಮ್ಮದಿಯಾಗಿ ಉಣ್ಣಲೆಂದು ಬಾಗಿಲು ಹಾಕಿಕೊಂಡು ಎಲ್ಲರೂ ಹೊರಗೆ ನಿಂತೆವು. ಸ್ವಲ್ಪ ಹೊತ್ತಾದ ಮೇಲೆ ಬಾಗಿಲು ತೆಗೆದರೆ ಫೋಟೋ ಯಾಕೋ ಸ್ವಲ್ಪ ವಾಲಿತ್ತು. "ಗಾಳಿ," ಎಂದೆ.

ಆಮೇಲೆ ಕಾಗೆಯ ಪಾಲನ್ನು ಮನೆಯ ಹೆಂಚಿನ ಮೇಲೆ ಇಟ್ಟೆವು. ಕಾಗೆ ಮುಟ್ಟಿದರೆ ಹಿರಿಯರು ಒಪ್ಪಿದಂತೆ. ಒಂದು ಕಾಗೆ ಬಂತು. ಎಲ್ಲರೂ ಉಸಿರು ಬಿಗಿಹಿಡಿದರು. ಒಂದು ಚೂರು ಕಚ್ಚಿತು. ನಾನು ಚಪ್ಪಾಳೆ ತಟ್ಟಬೇಕು ಎನ್ನುವಷ್ಟರಲ್ಲಿ ಅದು ಕೊಕ್ಕನ್ನು ಹೆಂಚಿಗೆ ಎರಡು ಸಲ ಉಜ್ಜಿ, ನೇರವಾಗಿ ದನದ ಕಲಗಚ್ಚಿನ ತೊಟ್ಟಿಗೆ ಹಾರಿ ಗಟಗಟ ಕುಡಿಯತೊಡಗಿತು.

"ಬಿಸಿಲು ಜಾಸ್ತಿ," ಎಂದೆ. ಮೋಡ ಕವಿದಿತ್ತು.

ಕಾಗೆ ಮುಟ್ಟಿತಲ್ಲ, ಅಷ್ಟು ಸಾಕು! ಪಂಕ್ತಿ ಕೂತಿತು. ಮೊದಲು ಕೂತವರು ಪಿರಿಯಾಪಟ್ಟಣದಿಂದ ಬಂದಿದ್ದ ಜವರಣ್ಣ. ಮಾವನ ಜೊತೆ ಮೂವತ್ತು ವರ್ಷ ಹಂಡೆ ಹೊತ್ತವರು. ನಾನೇ ಬಡಿಸಿ ಎದುರಿಗೇ ನಿಂತುಕೊಂಡೆ. ಅವರು ಮುದ್ದೆ ಮುರಿದು, ಅದ್ದಿ, ನುಂಗಿದರು. ಹಣೆಯ ನರ ಉಬ್ಬಿತು.

"ಹೆಂಗದೆ ಜವರಣ್ಣ?"

"ಬಲೇ ಚೆನ್ನಾಗದೆ ಅಳಿಯಂದ್ರೇ," ಎಂದರು. ಸ್ವಲ್ಪ ಹೊತ್ತು ಬಿಟ್ಟು, "ಒಸಿ ನೀರು," ಎಂದರು.

ಪಂಕ್ತಿಯ ಉದ್ದಕ್ಕೂ ಅದೇ ಮಾತು. "ಸಾರು ಅಂದ್ರೆ ಇದು ಕಣ್ರೀ! ನೀರು." "ನಿಮ್ ಮಾವನ ಕೈಯೇ ಬುಡಿ! ನೀರು, ನೀರು." ಕೊಳಗ ಖಾಲಿಯಾಯಿತು. ಡ್ರಮ್ಮು ಖಾಲಿಯಾಯಿತು. ಮಾದೇಶ ಮೋಟರು ಹಾಕಲು ಓಡಿದ. ನನ್ನ ಸಂಭ್ರಮ ಹೇಳತೀರದು! ಜವರಣ್ಣನಿಗೆ ಒತ್ತಾಯ ಮಾಡಿ ಇನ್ನೊಂದು ಸಲ ಬಡಿಸಿದೆ. ಅದೇ ಹುರುಪಿನಲ್ಲಿ ಪಂಕ್ತಿಯ ನಡುವೆ ನಿಂತು ಆನೆಯ ಕಥೆ ಹೇಳಿದೆ. ಯಾರೂ ನಗಲಿಲ್ಲ. ಎಲ್ಲರ ಕಣ್ಣಲ್ಲೂ ನೀರಿತ್ತು. ಮಾವನ ನೆನಪಾಗಿರಬೇಕೆಂದು ನಾನೂ ಫೋಟೋ ಕಡೆಗೆ ಇನ್ನೊಂದು ಸಲ ಕೈ ಮುಗಿದೆ.

ಇನ್ನು ತಡ ಯಾಕೆ? "ಅತ್ತೇ, ಸೌಟು..." ಎಂದೆ.

ಅತ್ತೆ ಮೊಳೆಯಿಂದ ಸೌಟು ಇಳಿಸಿದರು, ಸೆರಗಿನಿಂದ ಒರೆಸಿದರು. ನಾನು ಎರಡೂ ಕೈ ಚಾಚಿದೆ. ಕಬ್ಬಿಣದ ತಣ್ಣನೆಯ ಹಿಡಿ ನನ್ನ ಬೆರಳಿಗೆ ತಾಕಿತು ಕೂಡ! ಅಷ್ಟರಲ್ಲಿ ಅತ್ತೆ ಅದನ್ನು ಹಿಂದಕ್ಕೆ ಎಳೆದುಕೊಂಡರು.

"ತಡೀರಿ. ಅವ್ರು ಉಂಡ ಮ್ಯಾಲೆ ನಾನೂ ಒಂದ್ ತುತ್ತು ಉಣ್ಬೇಕು."

ಕೂತರು. ಒಂದು ತುತ್ತು ಉಂಡರು. ಬಹಳ ಹೊತ್ತು ಮಾವನ ಫೋಟೋವನ್ನೇ ನೋಡಿದರು. ಆಮೇಲೆ ಮೆಲ್ಲಗೆ ಕೇಳಿದರು. "ಜವರಣ್ಣ, ನೀನು ಇದನ್ನ ಉಂಡ್ಯಾ?"

"ಎಲ್ಡು ಸಲ ಉಂಡೆ ಕಣಕ್ಕ."

"ಯಾಕಪ್ಪಾ?"

"ಏನ್ಮಾಡ್ಲಕ್ಕ, ಅಳಿಯಂದ್ರು! ಎದುರ್ಗೇ ನಿಂತ್ಬುಟ್ಟಿದ್ರು."

ನಾನು ಓಡಿಹೋಗಿ ಹಂಡೆಯಿಂದ ಒಂದು ತುತ್ತು ಬಾಯಿಗೆ ಹಾಕಿಕೊಂಡೆ. ಅದರ ವರ್ಣನೆ ಬೇಡ. ಇಷ್ಟು ಹೇಳಬಲ್ಲೆ: ಕಾಗೆಯ ಮೇಲೆ ನನಗೆ ಆ ಕ್ಷಣವೇ ಅಪಾರ ಗೌರವ ಹುಟ್ಟಿತು. ಅದು ಕುಡಿದ ತೊಟ್ಟಿಯ ಕಡೆಗೇ ನಾನೂ ನೋಡಿದೆ.

ತಿರುಗಿ ಬಂದರೆ ಅತ್ತೆಯ ಭುಜ ಅಲುಗುತ್ತಿತ್ತು. ಅಯ್ಯೋ, ಅಳಿಸಿಬಿಟ್ಟೆನಲ್ಲ ಎಂದು ನನ್ನ ಜೀವ ಬಾಯಿಗೆ ಬಂತು. ಅವರು ಅಳುತ್ತಿರಲಿಲ್ಲ. ನಗುತ್ತಿದ್ದರು! ಗೋಡೆಗೆ ಒರಗಿ, ಸೌಟನ್ನು ಮಡಿಲಲ್ಲಿಟ್ಟುಕೊಂಡು, ಹೊಟ್ಟೆ ಹಿಡಿದು ನಗುತ್ತಿದ್ದರು. ಮಾವ ಹೋದ ಮೇಲೆ ಅವರು ನಕ್ಕಿದ್ದನ್ನು ಆ ಮನೆಯಲ್ಲಿ ಯಾರೂ ನೋಡಿರಲಿಲ್ಲ. ಅತ್ತೆ ನಕ್ಕಿದ್ದೇ ತಡ, ಮರ್ಯಾದೆಗೆ ಬಾಯಿ ಕಟ್ಟಿಕೊಂಡಿದ್ದ ಪಂಕ್ತಿಯೆಲ್ಲ ಗೊಳ್ಳೆಂದಿತು. ನನಗೆ ನಾಚಿಕೆಯೂ ಆಯಿತು, ಹೇಳಲಾರದಷ್ಟು ಸಂತೋಷವೂ ಆಯಿತು.

"ಅವ್ರು ಇದ್ದಿದ್ರೆ, ಇದನ್ನ ಸಾಯೋಗಂಟ ಕಥೆ ಮಾಡ್ಕಂಡು ಹೇಳೋರು," ಎಂದು ಅತ್ತೆ ಕಣ್ಣೊರೆಸಿಕೊಂಡರು. ಆಮೇಲೆ ಎದ್ದು, ಸೌಟನ್ನು ನನ್ನ ಚಾಚಿದ ಕೈಯ ಪಕ್ಕದಲ್ಲೇ ದಾಟಿಸಿ ಭಾಗ್ಯಳ ಕೈಗೆ ಕೊಟ್ಟರು. "ಮಗಾ, ನೀನು ಹಿಡ್ಕೋ. ಅಳಿಯಂದ್ರೇ, ನೀವು ಕಥೆ ಹೇಳಿ. ಒಲೆಯಿಂದ ಒಸಿ ದೂರ ನಿಂತ್ಕಂಡು ಹೇಳಿ."

ದೀಪಾವಳಿ ಕಳೆದು ಬೀಗರ ಊಟ ಬಂತು. ಭಾಗ್ಯಳ ಸಾರನ್ನು ಬೀಗರು ಎಲೆ ನೆಕ್ಕಿ ಉಂಡರು. ಅವಳು ಹಂಡೆಯ ಮುಂದೆ ಸೌಟು ಹಿಡಿದು ನಿಂತದ್ದನ್ನು ನೋಡಿ, ಸುಳ್ಳೇಕೆ ಹೇಳಲಿ, ನನಗೆ ಹೆಮ್ಮೆಯಾಯಿತು. ನನಗೂ ಒಂದು ಜವಾಬ್ದಾರಿ ಕೊಟ್ಟಿದ್ದರು: ನೀರಿನ ಜಗ್ಗು. ಪಂಕ್ತಿಯಲ್ಲಿ ನೀರು ಹಾಕುತ್ತಾ ಉಪ್ಪಿನ ಕಥೆ ಹೇಳಿದೆ. ಜನ ಬಿದ್ದು ಬಿದ್ದು ನಕ್ಕರು. ಈ ಸಲ ಆನೆಯ ಜಾಗದಲ್ಲಿ ನಾನಿದ್ದೆ.

ನಗು ಇನ್ನೂ ನಿಂತಿರಲಿಲ್ಲ, ಗಂಡಿನ ಕಡೆಯ ಒಬ್ಬ ಹಿರಿಯರು ನನ್ನನ್ನು ಕರೆದರು. "ಯಜಮಾನ್ರೇ, ಈ ಎಲೆಗೆ ಒಸಿ ಉಪ್ಪು ಆಕಿ."

ಪಕ್ಕದಲ್ಲೇ ಉಪ್ಪಿನ ಬಟ್ಟಲಿತ್ತು. ಹಳೆಯ ಉತ್ಸಾಹ ಚಿಮ್ಮಿತು. ಕೈ ಚಾಚಿದೆ. ಚಪ್ಪರದ ಆ ತುದಿಯಿಂದ ಅತ್ತೆಯ ದನಿ ಮೊಳಗಿತು.

"ಅಳಿಯಂದ್ರೇ! ನೀವು ನೀರು ಮಾತ್ರ!"

ಇಡೀ ಪಂಕ್ತಿ ತಿರುಗಿ ನೋಡಿತು. ನಾನು ಹಿರಿಯರ ಲೋಟಕ್ಕೆ ನೀರು ಹಾಕಿ ಮುಂದಕ್ಕೆ ಹೋದೆ.