ಒಂದು ಕಟ್ಟು ಮನೆ

ನಾನು ಮೊದಲ ಸಲ ಊರು ಬಿಟ್ಟದ್ದು ಒಂದು ಸೋಮವಾರ, ಏಳನೇ ಕ್ಲಾಸಿನ ಲೆಕ್ಕದ ಪರೀಕ್ಷೆಯ ದಿನ. ಉಳಿದವರೆಲ್ಲ ಶಾಲೆಯ ಕಡೆ ತಿರುಗಿದರು, ನಾನು ಬಸ್ಸಿನ ಕಡೆ ತಿರುಗಿದೆ. ಆಮೇಲೆ ಲಾರಿ ಕ್ಲೀನರ್ ಆದೆ, ಹೋಟೆಲ್ ಮಾಣಿ ಆದೆ, ನಾಟಕ ಕಂಪನಿಯಲ್ಲಿ ಪರದೆ ಎಳೆದೆ. ಹೋದಲ್ಲೆಲ್ಲ ಏನಾದರೊಂದು ಆಗುತ್ತಲೇ ಇರುತ್ತದೆ. ಕೂತಲ್ಲೇ ಕೂತವರಿಗೆ ಹೀಗೆಲ್ಲ ಆಗುವುದಿಲ್ಲವಂತೆ. ಅದಕ್ಕೇ ಅವರು ನನ್ನನ್ನು ಕರೆದು, ಕಾಫಿ ಕೊಟ್ಟು, ಹೇಳು ಅನ್ನುತ್ತಾರೆ. ಈ ಕಥೆಗಳು ನಾನು ಪುಸ್ತಕ ಹೊತ್ತು ಮಾರುತ್ತಿದ್ದ ಕಾಲದವು. ಶರಾವತಿಗೆ ಕಟ್ಟೆ ಕಟ್ಟಿ, ನೀರು ನಿಂತ ಹೊಸತು.

ಧಣಿಯ ಪದ್ಧತಿ

ಸಾಗರದ ನಮ್ಮ ಧಣಿಯ ಅಂಗಡಿಯಲ್ಲಿ ಪುಸ್ತಕ ಜೋಡಿಸುತ್ತಿದ್ದ ರೀತಿಯನ್ನು ನಾನು ಬೇರೆಲ್ಲೂ ಕಂಡಿಲ್ಲ. ಕಥೆ ಒಂದು ಕಡೆ, ವೈದ್ಯ ಇನ್ನೊಂದು ಕಡೆ ಅಂತೇನಿಲ್ಲ. ಹೆಸರಿನಲ್ಲಿ ಯಾವ ಮಾತು ಬರುತ್ತದೋ ಆ ಮಾತಿನ ಪುಸ್ತಕಗಳೆಲ್ಲ ಒಂದು ಕಟ್ಟು. 'ಹೂವು' ಒಂದು ಕಟ್ಟು, 'ಚಿನ್ನ' ಒಂದು ಕಟ್ಟು. ಯಾಕೆ ಹೀಗೆ ಅಂತ ಕೇಳಿದರೆ ಅವರ ಬಳಿ ಉತ್ತರ ಸಿದ್ಧವಿತ್ತು. "ಗಿರಾಕಿಗೆ ಪೂರ್ತಿ ಹೆಸರು ಎಲ್ಲಿ ನೆನಪಿರುತ್ತೆ ಮಾರಾಯ? ಅದೇ, ಚಿನ್ನ ಅಂತ ಏನೋ ಬರುತ್ತಲ್ಲ, ಆ ಪುಸ್ತಕ ಕೊಡಿ ಅಂತಾನೆ. ಕಟ್ಟು ಎತ್ತಿ ಮುಂದಿಟ್ಟರಾಯ್ತು."

ಎಲ್ಲ ಕಟ್ಟು ಕರಗಿದರೂ 'ಮನೆ' ಕಟ್ಟು ಮಾತ್ರ ಅಟ್ಟದ ಮೇಲೆ ಹಾಗೇ ಕೂತಿತ್ತು. ಅದರಲ್ಲಿ ಮನೆಮದ್ದು ಇತ್ತು, ಮನೆ ಕಟ್ಟುವ ಶಾಸ್ತ್ರ ಇತ್ತು. ಅರಮನೆಯ ಕೊಲೆ, ಸೆರೆಮನೆಯ ಕಥೆ, ಅಡುಗೆಮನೆಯ ಕೈಪಿಡಿ, ಜಾತಕದ ಹನ್ನೆರಡು ಮನೆಗಳ ಫಲ, ಚದುರಂಗದ ಅರವತ್ತನಾಲ್ಕು ಮನೆಗಳ ಆಟ, ಎಲ್ಲ ಒಂದೇ ಹಗ್ಗದಲ್ಲಿ.

ಅದೇ ಹೊತ್ತಿಗೆ ನಮ್ಮಣ್ಣ ಧಣಿಗೆ ಕಾಗದ ಬರೆದಿದ್ದ. ನಮ್ಮ ಹುಡುಗ ಒಂದು ಕೆಲಸವನ್ನಾದರೂ ಪೂರ್ತಿ ಮುಗಿಸಿದರೆ ಅವನ ತಂಟೆಗೆ ಬರುವುದಿಲ್ಲ, ಇಲ್ಲದಿದ್ದರೆ ದೀಪಾವಳಿಗೆ ಬಂದು ಕರೆದುಕೊಂಡು ಹೋಗಿ ನಮ್ಮ ಹಿಟ್ಟಿನ ಗಿರಣಿಯಲ್ಲಿ ಕೂರಿಸುತ್ತೇನೆ ಅಂತ. ಧಣಿ ಕಾಗದ ಓದಿ, ಅಟ್ಟದ ಕಡೆ ನೋಡಿ, ನನ್ನ ಕಡೆ ನೋಡಿದರು.

"ಈ ಕಟ್ಟಿನಲ್ಲಿ ಒಂದೂ ಉಳಿಬಾರ್ದು. ಮುಗಿಸಿದ್ರೆ ಸಾಗರ, ಹೊಸನಗರ, ತೀರ್ಥಹಳ್ಳಿ ಮೂರೂ ನಿಂದೇ, ತಿರುಗ್ತಾ ಇರು. ಒಂದು ಉಳಿದ್ರೂ ಗಿರಣಿ."

ಇಷ್ಟೇ ತಾನೆ ಅಂದೆ. ಗಿರಣಿಯ ಬೆಲ್ಟಿನ ಸದ್ದು ನೆನಪಾಗಿ ಆಗಲೇ ಕಟ್ಟನ್ನು ಅಟ್ಟದಿಂದ ಇಳಿಸಿದೆ.

ಮೇಸ್ತ್ರಿ

ಬ್ಯಾಕೋಡಿನ ಕಡೆ ಆಗ ಎಲ್ಲೆಲ್ಲೂ ಹೊಸ ಮನೆ. ಹಳೇದು ನೀರಿನಡಿ ಹೋದವರು ಮೇಲೆ ಬಂದು ಕಟ್ಟುತ್ತಿದ್ದರು. ಮನೆ ಕಟ್ಟುವ ಪುಸ್ತಕಕ್ಕೆ ಇದಕ್ಕಿಂತ ಜಾಗ ಬೇಕೆ? ಒಬ್ಬ ಯಜಮಾನರು ಅಲ್ಲೇ ಕಲ್ಲಿನ ಮೇಲೆ ಕೂತು ಪುಸ್ತಕ ತೆಗೆದು ಅಡಿಪಾಯದ ಪುಟ ಹಿಡಿದರು. ಒಮ್ಮೆ ಪುಸ್ತಕ ನೋಡುತ್ತಾರೆ, ಒಮ್ಮೆ ಗುಂಡಿಯೊಳಗೆ ನೋಡುತ್ತಾರೆ, ಹೂಂ ಅನ್ನುತ್ತಾರೆ. ಮೂರನೇ ಹೂಂಗೆ ಮೇಸ್ತ್ರಿ ಕರಣೆ ಕೆಳಗಿಟ್ಟು ಮೇಲೆ ಬಂದ. ಆ ಪುಸ್ತಕ ನಂಗೆ ಬೇಕು ಅಂದ. ಯಜಮಾನರು ಬಾಯಿ ತೆರೆಯುವ ಮೊದಲೇ ದುಡ್ಡು ನನ್ನ ಕೈಗಿಟ್ಟು, ಪುಸ್ತಕವನ್ನು ಮುಂಡಾಸಿನೊಳಗೆ ಸಿಕ್ಕಿಸಿಕೊಂಡೂ ಬಿಟ್ಟ.

ನಾನು ಹೊರಟು ಗದ್ದೆಯ ಅಂಚು ದಾಟುವಾಗ ಹಿಂದಿನಿಂದ ಓಡಿ ಬಂದ. ಸುತ್ತ ನೋಡಿ ಪುಸ್ತಕ ತೆಗೆದು ಮೆಲ್ಲಗೆ ಕೇಳಿದ: "ನಂಗೆ ಓದಕ್ಕೆ ಬರಲ್ಲ. ಅಡಿಪಾಯ ಎಷ್ಟು ಆಳ ಅಂತ ಬರ್ದಿದಾನೆ, ಒಂಚೂರು ನೋಡಿ ಹೇಳಿ."

ಅಡುಗೆಮನೆ

ಸಾಗರದ ಹತ್ತಿರ ಒಂದು ಮನೆಯಲ್ಲಿ ಅಜ್ಜಿ ಜಗಲಿಯಲ್ಲಿ ಕೂತು ವೀಳ್ಯದೆಲೆ ಒರೆಸುತ್ತಿದ್ದರು. ಅಡುಗೆಯ ಪುಸ್ತಕ ಅಂದದ್ದಕ್ಕೆ, "ಅದ್ರಲ್ಲಿ ಎಂತ ಇದ್ದು, ಓದು ನೋಡನ" ಅಂದರು. ಓದಿದೆ. ತಂಬುಳಿಗೆ ಒಗ್ಗರಣೆ ಕೊಡುವ ಕಡೆ ಬರುವಾಗ ಕೈ ಎತ್ತಿ ನಿಲ್ಲಿಸಿದರು. "ಎಂಗೊ ಹಿಂಗೆ ಮಾಡದಿಲ್ಲೆ. ತಿದ್ದು."

ಅವರ ಮನೆಯಲ್ಲಿ ಹಾಗೆ ಮಾಡುವುದಿಲ್ಲವಂತೆ, ಪೆನ್ಸಿಲ್ ತೆಗೆದು ತಿದ್ದಿದೆ. ಹುಳಿಯಲ್ಲೂ ತಿದ್ದಿದೆ, ಗೊಜ್ಜಿನಲ್ಲೂ ತಿದ್ದಿದೆ. ಏಳನೇ ಕ್ಲಾಸಿನಲ್ಲಿ ಬರೆಯದೆ ಬಿಟ್ಟದ್ದನ್ನೆಲ್ಲ ಆ ಜಗಲಿಯಲ್ಲಿ ಬಡ್ಡಿ ಸಮೇತ ಬರೆದೆ. ಊಟದ ಹೊತ್ತಿಗೆ ಪುಸ್ತಕದಲ್ಲಿ ಅಚ್ಚಿಗಿಂತ ಪೆನ್ಸಿಲೇ ಜಾಸ್ತಿ. ಹಾಗಾದರೆ ತಗೊಳ್ಳುತ್ತೀರಾ ಅಂದರೆ, ನಂಗೆ ಗೊತ್ತಿರುವುದನ್ನೇ ನಾನು ಯಾಕೆ ಕೊಳ್ಳಲಿ ಅಂದರು. ಕೊನೆಗೆ ಪಕ್ಕದ ಮನೆಗೆ ಹೊಸದಾಗಿ ಬಂದ ಸೊಸೆ, ಅಜ್ಜಿಯ ಕೈರುಚಿ ಪೂರ್ತಿ ಇದರಲ್ಲಿದೆ ಅಂತ ಖುಷಿಯಿಂದ ಕೊಂಡಳು.

ಅಜ್ಜಿಗೆ ಮಾತ್ರ ಪುಸ್ತಕ ಬರೆದವನದ್ದೇ ಚಿಂತೆ. "ಪಾಪ, ಅಂವ ಇಷ್ಟು ದಿನ ಎಂತ ತಿಂದು ಬದುಕಿದ್ನೋ."

ಗೇಟು

ಹುಲಿಕಲ್ ಘಾಟಿಯ ತುದಿಯಲ್ಲಿ ಆಗ ಮರಮಟ್ಟು ತಪಾಸಣೆಗೆ ಒಂದು ಗೇಟು. ಕಾವಲುಗಾರ ಬಸ್ಸು ಹತ್ತಿ ನನ್ನ ಕಟ್ಟು ಬಿಚ್ಚಿಸಿದ. ಸೆರೆಮನೆಯ ಕಥೆ ಕೈಗೆ ಬಂತು. ಮೊದಲ ಸಾಲು ಗಟ್ಟಿಯಾಗಿ ಓದಿದ, ಎರಡನೆಯದನ್ನೂ ಓದಿದ. ಕೈದಿ ಗೋಡೆ ಕೊರೆಯಲು ಶುರು ಮಾಡುವಾಗ ಹಿಂದಿನ ಸೀಟಿನವರು ಇನ್ನೂ ಸ್ವಲ್ಪ ಗಟ್ಟಿಯಾಗಿ ಓದಿ ಅಂದರು. ಡ್ರೈವರ್ ಇಂಜಿನ್ ಆರಿಸಿ ಇತ್ತ ತಿರುಗಿ ಕೂತ. ಜೈಲರ್ ಬರುವ ಹೊತ್ತಿಗೆ ಮಗುವಿಗೆ ಹಾಲು ಕುಡಿಸುತ್ತಿದ್ದ ತಾಯಿ ಕೂಡ ಉಸಿರು ಬಿಗಿಹಿಡಿದಿದ್ದಳು. ಅಷ್ಟರಲ್ಲಿ ಹಿಂದೆ ಒಂದು ಲಾರಿ ಬಂದು ಹಾರನ್ ಹೊಡೆದು ಎಲ್ಲ ಕೆಡಿಸಿತು. ಕಾವಲುಗಾರ ಪುಸ್ತಕ ಕೊಂಡು, ಮನಸ್ಸಿಲ್ಲದ ಮನಸ್ಸಿನಿಂದ ಗೇಟು ಎತ್ತಿದ.

ಒಂದು ವಾರ ಆ ದಾರಿಯ ಬಸ್ಸುಗಳೆಲ್ಲ ತಡ. ಹೊಸನಗರದಲ್ಲಿ ಯಾರೋ ಕಂಡಕ್ಟರ್ ಮೇಲೆ ರೇಗಿದರು. ಅವನು ಟಿಕೆಟ್ ಹರಿಯುತ್ತಲೇ ಹೇಳಿದ: "ಏನ್ ಮಾಡಾದು ಸ್ವಾಮಿ, ಕೈದಿ ಇನ್ನೂ ಒಳಗೇ ಇದಾನೆ."

ಕೊನೆಯದು

ಮನೆಮದ್ದು, ಅರಮನೆಯ ಕೊಲೆ ಎರಡೂ ದಾರಿಯಲ್ಲೇ ಹೋದವು, ಜಾತಕ ಮಂಡಗದ್ದೆಯಲ್ಲಿ ಹೋಯಿತು, ಚದುರಂಗ ತೀರ್ಥಹಳ್ಳಿಯ ಒಬ್ಬ ವಕೀಲರಿಗೆ ಹೋಯಿತು. ದೀಪಾವಳಿಗೆ ಎರಡು ದಿನ ಇರುವಾಗ ಕಟ್ಟಿನ ತಳದಲ್ಲಿ ಉಳಿದದ್ದು ಒಂದೇ ಒಂದು: ತರುಣರಿಗೆ ಬುದ್ಧಿ ಹೇಳುವ ಪುಸ್ತಕ, ಹೆಸರು 'ಮನೆಯೇ ಸುಖ'. ಅದನ್ನು ಯಾವ ತರುಣನೂ ಮುಟ್ಟಲಿಲ್ಲ. ತರುಣರ ಅಪ್ಪಂದಿರು ಮುಟ್ಟಿದರು, ಹೌದು ಹೌದು ಅಂದರು, ಕೆಳಗಿಟ್ಟು ಹೋದರು. ತುಂಗೆಯ ದಡದಲ್ಲಿ ಸ್ನಾನಕ್ಕೆ ಬಂದವರಿಗೂ ತೋರಿಸಿದೆ. ಒದ್ದೆ ಕೈ ಅಂದರು.

ಮಾರನೇ ದಿನ ತೀರ್ಥಹಳ್ಳಿಯ ಬಸ್ ಸ್ಟ್ಯಾಂಡಿನಲ್ಲಿ ಗೋಣಿ ಹಾಸಿ, ಅದರ ನಡುವೆ ಆ ಒಂದೇ ಪುಸ್ತಕ ಇಟ್ಟು ಕೂತಿದ್ದೆ. ನಾನಿರುವ ಊರನ್ನು ಧಣಿ ತಿಳಿಸಿದ್ದಿರಬೇಕು, ಶಿವಮೊಗ್ಗದ ಬಸ್ಸಿನಿಂದ ಅಣ್ಣ ಇಳಿದ. ಕೈಯಲ್ಲಿ ಕೊಡೆ, ಮುಖದಲ್ಲಿ ಗಿರಣಿ.

"ಎಷ್ಟು ಉಳಿದಿದೆಯೋ?"

ಒಂದು ಅಂದೆ.

"ಒಂದಾದ್ರೂ ಉಳಿದದ್ದು ಉಳಿದದ್ದೇ. ಎದ್ದೇಳು, ಎರಡೂವರೆಗೆ ಬಸ್ಸಿದೆ."

ಅಲ್ಲಿಯವರೆಗೆ ನನಗೆ ಭಯ ಆಗಿರಲಿಲ್ಲ. ಅವನು ಗೋಣಿಯ ಒಂದು ಮೂಲೆ ಹಿಡಿದು ಎತ್ತಿದಾಗ ಆಯಿತು. ಬಸ್ಸಿಗೆ ಇನ್ನೂ ಹೊತ್ತಿದೆ, ಕೂತುಕೋ ಅಣ್ಣ ಅಂದೆ. ಕೂತ. ಸುಮ್ಮನೆ ಕೂರಲು ಬಾರದವನು ಪುಸ್ತಕ ತೆಗೆದ. ಮೊದಲ ಪುಟ ಓದಿ ನನ್ನನ್ನು ನೋಡಿದ. ಎರಡನೇ ಪುಟಕ್ಕೆ ತೊಡೆ ತಟ್ಟಿದ.

"ನೋಡೋ, ಹತ್ತು ವರ್ಷದಿಂದ ನಾನು ಹೇಳ್ತಿರೋದನ್ನೇ ಬರ್ದಿದಾನೆ ಪುಣ್ಯಾತ್ಮ. ಅಲೆಯುವವನ ಕಾಲಿಗೆ ಧೂಳು, ಮನಸ್ಸಿಗೆ ಗೋಳು ಅಂತೆ. ಕೇಳಿಸ್ಕೊಂಡ್ಯಾ?"

ಕೇಳಿಸಿಕೊಂಡೆ ಅಂದೆ. ಅವನು ಮುಂದೆ ಓದಿದ. ಆರನೇ ಪುಟದ ಹೊತ್ತಿಗೆ ಅವನೇ ತೀರ್ಮಾನ ಮಾಡಿದ್ದ: ಈ ಪುಸ್ತಕವನ್ನು ಗಿರಣಿಯಲ್ಲಿ ಇಡುತ್ತಾನೆ, ದಿನಕ್ಕೊಂದು ಪುಟ ನನಗೆ ಬಾಯಿಪಾಠ ಮಾಡಿಸುತ್ತಾನೆ, ಒಪ್ಪಿಸಿದ ಮೇಲೇ ಊಟ. ಜೇಬಿಗೆ ಕೈ ಹಾಕಿ ದುಡ್ಡು ತೆಗೆದು ನನ್ನ ಕೈಯಲ್ಲಿಟ್ಟ.

ರಸೀದಿ ಬರೆದೆ. ಪುಸ್ತಕದ ಹೆಸರು ಪೂರ್ತಿ ಬರೆದೆ, ತಾರೀಖು ಹಾಕಿದೆ, ಅವನ ಕೈಗೆ ಕೊಟ್ಟೆ. ಆಮೇಲೆ ಗೋಣಿ ಕೊಡವಿ ಮಡಚತೊಡಗಿದೆ.

ಅಣ್ಣ ರಸೀದಿ ನೋಡಿದ. ಗೋಣಿ ಇದ್ದ ಜಾಗ ನೋಡಿದ. ಕೊನೆಗೆ ಮೀಸೆಯ ಒಂದು ತುದಿ ಅಲುಗಿತು.

"ಹಾಗಾದ್ರೆ ಇದನ್ನ ಇನ್ನು ಯಾರು ಓದೋದೋ?"

"ನೀನೇ ಓದಣ್ಣ. ಮನೇಲಿ ಇರೋನು ನೀನೊಬ್ನೇ."

ಎರಡೂವರೆಯ ಬಸ್ಸಿನಲ್ಲಿ ಅಣ್ಣನನ್ನೂ ಪುಸ್ತಕವನ್ನೂ ಕಿಟಕಿಯ ಪಕ್ಕ ಕೂರಿಸಿ ಬಂದೆ. ಗೋಣಿಗೆ ಹಗ್ಗ ಸುತ್ತಿ ಹೆಗಲಿಗೆ ಹಾಕಿಕೊಂಡೆ. ಸಾಗರದ ಬಸ್ಸು ಹೊರಡಲು ಇನ್ನೂ ಹೊತ್ತಿತ್ತು. ನನಗೆ ತಡೆಯಲಾಗಲಿಲ್ಲ, ದಾರಿಯಲ್ಲೇ ಹತ್ತಿದರಾಯಿತು ಅಂತ ನಡೆಯುತ್ತ ಹೊರಟೆ.